ನಮಗಿಂತ ಚೆನ್ನಾಗಿ ಬರೆಯುವವರಿಲ್ಲ

ಆ ಬೀದಿಯಲ್ಲಿ ಬೋರ್ಡಕ್ಕ ಎಲ್ಲಿ ಅಂತ ಕೇಳಿದರೆ ಜನರ ಬೆರಳು ಮೇಲಕ್ಕೆ ಹೋಗುತ್ತದೆ. ಆಕೆ ನೆಲದ ಮೇಲೆ ಸಿಗುವುದು ಅಪರೂಪ. ಔಷಧಿ ಅಂಗಡಿಯ ನೆತ್ತಿಯ ಮೇಲೋ, ಸೈಕಲ್ ರಿಪೇರಿಯವನ ಶಟರಿನ ಎದುರೋ ಏಣಿಯ ತುದಿಯಲ್ಲಿ ನಿಂತಿರುತ್ತಾಳೆ. ಅಪ್ಪನ ಹಳೆಯ ಅಂಗಿ ತೊಟ್ಟು, ತೋಳು ಮಡಚಿ, ಕೈಯಲ್ಲಿ ಒಂದು ಬ್ರಷ್, ಹಲ್ಲಿನ ನಡುವೆ ಇನ್ನೊಂದು. ಬಾಯಲ್ಲಿ ಬ್ರಷ್ ಇದ್ದಾಗ ಆಕೆಯನ್ನು ಮಾತಾಡಿಸಬಾರದು ಎಂಬುದು ಬೀದಿಗೆಲ್ಲ ಗೊತ್ತು. ಬ್ರಷ್ ತೆಗೆದ ಮೇಲೆ ಮಾತಾಡಿಸುವುದಕ್ಕೂ ಸ್ವಲ್ಪ ಗುಂಡಿಗೆ ಬೇಕು.

ಈ ಕಸುಬು ಆಕೆಗೆ ಬಂದದ್ದು ಅಪ್ಪನಿಂದ. ಅಪ್ಪನನ್ನು ಎಲ್ಲರೂ ಪೇಂಟರ್ ಎಂದೇ ಕರೆಯುತ್ತಿದ್ದರು. ಬೀದಿಗೆ ತೆರೆದುಕೊಂಡ ಒಂದು ಕೋಣೆ ಅಂಗಡಿ, ಅದರ ಹಿಂದಿನ ಎರಡು ಕೋಣೆ ಸಂಸಾರ. ನಡುವೆ ಬಾಗಿಲಿತ್ತು, ಆದರೆ ಟರ್ಪೆಂಟೈನ್ ವಾಸನೆಗೆ ಯಾವ ಬಾಗಿಲು? ಅನ್ನದಲ್ಲೂ ಅದೇ, ಹೊದಿಕೆಯಲ್ಲೂ ಅದೇ. ಅಮ್ಮ ಆಗಾಗ, "ಈ ಮನೆಗೆ ಬೆಂಕಿಕಡ್ಡಿ ತೋರಿಸಿದರೆ ಸಾಕು, ಎಲ್ಲರೂ ಒಟ್ಟಿಗೆ ಮೇಲೆ ಹೋಗ್ತೀವಿ" ಎಂದು ಗೊಣಗುತ್ತಲೇ ಒಲೆ ಹಚ್ಚುತ್ತಿದ್ದಳು.

ಪೇಂಟರ್ ಶಾಲೆಯ ಮೆಟ್ಟಿಲು ಹತ್ತಿದ್ದು ಕಡಿಮೆ. ಇಂಗ್ಲಿಷ್ ಅಕ್ಷರಗಳು ಅವನಿಗೆ ಓದುವ ವಸ್ತುಗಳೇ ಅಲ್ಲ, ಚಿತ್ರಗಳು. ಎ ಅಂದರೆ ಕಾಲು ಅಗಲಿಸಿ ನಿಲ್ಲಿಸಿದ ಏಣಿ. ಇ ಅಂದರೆ ಮೂರು ಹಲ್ಲಿನ ಬಾಚಣಿಗೆ. ಎಸ್ ಅಂದರೆ ಮೈಮುರಿಯುವ ಬೆಕ್ಕು. ಹಾಗೆ ನೋಡಿ ನೋಡಿಯೇ ಕೈ ಪಳಗಿಸಿಕೊಂಡಿದ್ದ. ಸುಣ್ಣ ಸವರಿದ ದಾರವನ್ನು ತಗಡಿನ ಮೇಲೆ ಎಳೆದು ಒಂದು ಸಲ ಟಪ್ಪೆಂದು ಬಿಟ್ಟನೆಂದರೆ ಗೆರೆ ಸಿದ್ಧ, ಗೆರೆಯ ಮೇಲೆ ಕೂತ ಅಕ್ಷರ ಅಲ್ಲಾಡುವುದೇ ಇಲ್ಲ.

ಹೊಸದಾಗಿ ಅಂಗಡಿ ಇಟ್ಟಾಗ ತನ್ನ ಬಾಗಿಲಿಗೂ ಒಂದು ಬೋರ್ಡು ಬೇಕಲ್ಲ? ಕ್ಷೌರದಂಗಡಿಯಲ್ಲಿ ಯಾರೋ ಇಬ್ಬರು ಟೈ ಕಟ್ಟಿದವರು ತಮ್ಮ ಕಂಪನಿಯನ್ನು ಹೊಗಳಿಕೊಳ್ಳುತ್ತಿದ್ದದ್ದು ಅವನ ಕಿವಿಗೆ ಬಿದ್ದಿತ್ತು. ನಮಗಿಂತ ಚೆನ್ನಾಗಿ ಮಾಡುವವರಿಲ್ಲ, ಬೆಟರ್ ದ್ಯಾನ್ ಅಸ್ ಯಾರಿದ್ದಾರೆ ಅಂತ. ಆ ಗತ್ತು ಅವನಿಗೆ ಹಿಡಿಸಿತು. ಅವರಿವರನ್ನು ಕೇಳಿ ಬಾಕಿ ಮಾತು ಹೊಂದಿಸಿಕೊಂಡ. ನೀಲಿ ತಗಡು, ಕೆಂಪು ಅಕ್ಷರ, ಅಕ್ಷರದ ಬಲಗಡೆ ಹಳದಿ ನೆರಳು: ನಮಗಿಂತ ಚೆನ್ನಾಗಿ ಬರೆಯುವವರು ಯಾರೂ ಇಲ್ಲ ಎಂದು ಇಂಗ್ಲಿಷಿನಲ್ಲಿ. ಆದರೆ ಕೇಳಿದ್ದು ಕಿವಿಯಿಂದ. 'ದ್ಯಾನ್' ಎಂಬುದು ಅವನ ಕಿವಿಯಲ್ಲಿ 'ದೆನ್' ಆಗಿತ್ತು. ಏಣಿ ನಿಲ್ಲಬೇಕಾದ ಕಡೆ ಬಾಚಣಿಗೆ ಬಂದು ಕೂತಿತು.

ಎಷ್ಟೋ ವರ್ಷ ಯಾರೂ ಏನೂ ಅನ್ನಲಿಲ್ಲ. ಆ ಅಕ್ಷರಗಳ ಚೆಲುವು ನೋಡಿ ಜನ ತಮ್ಮ ಅಂಗಡಿಗೂ ಬರೆಸಿಕೊಂಡರು. ಬೀದಿಯ ಈ ತುದಿಯಿಂದ ಆ ತುದಿಯವರೆಗೆ ಪೇಂಟರನ ಕೈಯೇ ಕಾಣುತ್ತಿತ್ತು.

ತಪ್ಪು ಮಗಳಿಗೆ ಗೊತ್ತಾದದ್ದು ಶಾಲೆಯಲ್ಲಿ. ಇಂಗ್ಲಿಷ್ ಮಿಸ್ ಅವತ್ತು ಹೋಲಿಕೆಯ ಪಾಠ ಮಾಡುತ್ತಿದ್ದರು. "ಒಂದನ್ನ ಇನ್ನೊಂದರ ಜೊತೆ ಹೋಲಿಸೋವಾಗ ದ್ಯಾನ್, ಅದಕ್ಕೆ ಎ. ಆಮೇಲೆ, ಆಗ ಅಂತ ಹೊತ್ತು ಹೇಳೋವಾಗ ದೆನ್, ಅದಕ್ಕೆ ಇ. ಹೋಲಿಕೆಗೆ ಎ, ಹೊತ್ತಿಗೆ ಇ. ಎಲ್ಲಿ, ಎಲ್ಲರೂ ಹೇಳಿ."

ಎಲ್ಲರೂ ಹೇಳುವುದರೊಳಗೆ ಹಿಂದಿನ ಬೆಂಚಿನ ಔಷಧಿ ಅಂಗಡಿಯವರ ಮಗಳು ಎದ್ದು ನಿಂತಳು. "ಮಿಸ್, ಹಾಗಾದ್ರೆ ಇವಳಪ್ಪನ ಬೋರ್ಡಿಗೆ ಏನರ್ಥ? 'ಯಾರೂ ಚೆನ್ನಾಗಿ ಬರೆಯಲ್ಲ, ಆಮೇಲೆ ನಾವು' ಅಂತಾನಾ?"

ಕ್ಲಾಸು ಬಿದ್ದು ಬಿದ್ದು ನಕ್ಕಿತು. ಮಿಸ್ ಮೇಜು ಕುಟ್ಟಿ ಸುಮ್ಮನಾಗಿಸಿದರು. ಎದ್ದು ಕೇಳಿದವಳ ಜಡೆ ಮಾತ್ರ ಸಂಜೆ ಗೇಟಿನ ಹತ್ತಿರ ಪೇಂಟರನ ಮಗಳ ಕೈಗೆ ಸಿಕ್ಕಿತು. ಆ ಜಗಳ ಬಿಡಿಸಲು ಇಬ್ಬರು ಮಾಸ್ತರರು ಓಡಿ ಬರಬೇಕಾಯಿತು.

ಮನೆಗೆ ಬಂದವಳೇ ಅಂಗಡಿಯ ಹೊಸ್ತಿಲಲ್ಲಿ ನಿಂತಳು. ಅಪ್ಪ ತಗಡು ಉಜ್ಜುತ್ತಿದ್ದ.

"ಅಪ್ಪಾ, ನಮ್ಮ ಬೋರ್ಡು ತಪ್ಪಂತೆ. ದೆನ್ ಅಲ್ಲ, ದ್ಯಾನ್."

ಒಳಗಿನಿಂದ ಅಮ್ಮ, "ಏನಂತೆ? ಧ್ಯಾನ ಮಾಡ್ಬೇಕಂತಾ? ಈ ಮನೇಲಿ ಅದೊಂದು ಬಾಕಿ ಇತ್ತು" ಅಂದಳು.

ಅಪ್ಪ ನಗಲಿಲ್ಲ. ಉಜ್ಜುವುದನ್ನೂ ನಿಲ್ಲಿಸಲಿಲ್ಲ. "ಗೊತ್ತು" ಅಂದ.

"ಗೊತ್ತಾ?"

"ಔಷಧಿ ಅಂಗಡಿಯವನು ಹೇಳಿದ. ಹೇಳಿದ ಅಂದ್ರೆ ನಕ್ಕ. ಆಮೇಲೆ ಹೋಗೋ ಬರೋರನ್ನೆಲ್ಲ ಕರೆದು ತೋರಿಸಿದ."

"ತಿದ್ದಿಬಿಡಪ್ಪಾ. ಒಂದೇ ಅಕ್ಷರ ತಾನೇ?"

"ತಿದ್ದಲ್ಲ."

"ಯಾಕೆ?"

"ನಕ್ಕವರ ಕಣ್ಣೆದುರು ನಾನು ಏಣಿ ಹತ್ತಲ್ಲ ಮಗಾ." ಅಷ್ಟು ಹೇಳಿ ತಗಡನ್ನು ತಿರುಗಿಸಿ ಹಾಕಿದ. ಮಾತು ಮುಗಿಯಿತು.

ಅವತ್ತಿನಿಂದ ಆಕೆಗೂ ಒಂದು ಹಟ ಹತ್ತಿತು. ಶಾಲೆ ಬಿಟ್ಟೊಡನೆ ಅಪ್ಪನ ಪಕ್ಕದಲ್ಲಿ ಕೂತು ಬ್ರಷ್ ಹಿಡಿದಳು. ಆಕೆಯ ಒಬ್ಬನೇ ಅಣ್ಣನಿಗೆ ಈ ಕೆಲಸ ಒಗ್ಗಲಿಲ್ಲ. ಏಣಿ ಹತ್ತಿದರೆ ತಲೆ ತಿರುಗುತ್ತಿತ್ತು, ಬಣ್ಣ ಕಲಸಿದರೆ ಸೀನು ಬರುತ್ತಿತ್ತು. ಜನಕ್ಕೆ ಬಾಯಿ ಸುಮ್ಮನಿರುತ್ತದೆಯೇ? "ಅಣ್ಣನಿಗಿಂತ ತಂಗಿಯೇ ವಾಸಿ" ಎಂದು ಅಣ್ಣನ ಎದುರಿಗೇ ಅಂದರು. "ಎಷ್ಟಾದರೂ ಗಂಡು ಬರೆದ ಹಾಗಾಗುತ್ತಾ?" ಎಂದು ಇವಳ ಎದುರಿಗೆ ಅಂದರು. ಒಂದೇ ಹೋಲಿಕೆ ಇಬ್ಬರ ಬೆನ್ನಿಗೂ ಬಿತ್ತು. ಅಣ್ಣ ಕುಗ್ಗಿದ, ಇವಳು ಸೆಟೆದು ನಿಂತಳು.

ಆಕೆಯನ್ನು ನೋಡಲು ಬಂದ ಒಂದು ಮನೆಯವರು, ಮದುವೆಯಾದ ಮೇಲೆ ಏಣಿಗೀಣಿ ಹತ್ತುವುದೆಲ್ಲ ಬಿಡಬೇಕು ಅಂದರು. "ಏಣಿ ಬಿಡಲ್ಲ, ನೀವೇ ನಮ್ಮ ಮನೆ ಬಾಗಿಲು ಬಿಡಿ" ಅಂದಳಂತೆ. ಅದಾದ ಮೇಲೆ ಯಾರೂ ಬರಲಿಲ್ಲ. ಅಮ್ಮ ತಲೆ ಚಚ್ಚಿಕೊಂಡಳು. ಆಕೆಗೆ ಆ ವಾರ ಹೋಟೆಲಿನ ದೊಡ್ಡ ಬೋರ್ಡು ಇತ್ತು, ಬೇಜಾರು ಮಾಡಿಕೊಳ್ಳಲು ಪುರಸೊತ್ತಿರಲಿಲ್ಲ.

ಆಮೇಲೆ ಒಂದು ದಿನ ಪೇಂಟರನಿಗೆ ಲಕ್ವ ಹೊಡೆಯಿತು. ಬಲಗೈ ಹೋಯಿತು, ಮಾತು ಅರ್ಧ ಹೋಯಿತು. ಬಾಗಿಲ ಬಳಿ ಒಂದು ಕುರ್ಚಿ ಹಾಕಿ ಕೂರಿಸುತ್ತಿದ್ದರು. ಬೀದಿ ನೋಡುವುದೇ ಅವನ ಕೆಲಸವಾಯಿತು. ಅಂಗಡಿ ಪೂರ್ತಿ ಮಗಳ ಮೇಲೆ ಬಿತ್ತು. ಬೋರ್ಡಕ್ಕ ಎಂಬ ಹೆಸರು ನಿಂತದ್ದೂ ಆಗಲೇ.

ಅಣ್ಣ ಅಷ್ಟರಲ್ಲಿ ಕಂಪ್ಯೂಟರ್ ಕಲಿತು ಎದುರು ಸಾಲಿನಲ್ಲಿ ಫ್ಲೆಕ್ಸ್ ಪ್ರಿಂಟಿಂಗ್ ಅಂಗಡಿ ಹಾಕಿದ್ದ. ಆಕೆ ದಿನವಿಡೀ ಬರೆಯುವುದನ್ನು ಅವನ ಮಷೀನು ಒಂದು ಲೋಟ ಚಹಾ ಮುಗಿಯುವುದರೊಳಗೆ ಉಗುಳುತ್ತಿತ್ತು. ಅವನು ಕೆಟ್ಟವನಲ್ಲ. ಅಪ್ಪನಿಗೆ ಕ್ಷೌರ ಮಾಡಿಸುತ್ತಿದ್ದವನು ಅವನೇ, ಸ್ನಾನ ಮಾಡಿಸುತ್ತಿದ್ದವನೂ ಅವನೇ. ಆದರೆ ತನ್ನ ಅಂಗಡಿಯಲ್ಲಿ ಕೂತು ತಲೆ ಎತ್ತಿದರೆ ಕಾಣುತ್ತಿದ್ದದ್ದು ಆ ನೀಲಿ ತಗಡು, ಆ ಬಾಚಣಿಗೆ. ಅವನ ಗಿರಾಕಿಗಳೂ ನೋಡುತ್ತಿದ್ದರು. ಒಬ್ಬ ಅದರ ಫೋಟೊ ತೆಗೆದು, ಕೆಳಗೆ ನಗೆಮಾತು ಸೇರಿಸಿ ಹರಿಯಬಿಟ್ಟ. ಅದು ಫೋನಿನಿಂದ ಫೋನಿಗೆ ಹೋಗಿ, ಕೊನೆಗೆ ಕುರ್ಚಿಯಲ್ಲಿ ಕೂತಿದ್ದ ಪೇಂಟರನ ಕಣ್ಣಿಗೂ ಬಿತ್ತು. ತೋರಿಸಿದವನು ತಮಾಷೆಗೆಂದು ತೋರಿಸಿದ. ಪೇಂಟರ್ ಎಡಗೈಯಿಂದ ಫೋನನ್ನು ಮೆಲ್ಲಗೆ ಆಚೆ ತಳ್ಳಿ, ಮುಖ ಗೋಡೆಯ ಕಡೆ ತಿರುಗಿಸಿಕೊಂಡ.

ಆ ಫೋಟೊ ಇಂಗ್ಲಿಷ್ ಮಿಸ್‌ಗೂ ತಲುಪಿತ್ತು. ನಿವೃತ್ತರಾಗಿ ಎಷ್ಟೋ ಕಾಲವಾಗಿತ್ತು, ಕೋಲೂರಿ ನಡೆಯುತ್ತಿದ್ದರು. ಒಂದು ಸಂಜೆ ಅಂಗಡಿಗೆ ಬಂದು ಬಣ್ಣದ ಡಬ್ಬಗಳನ್ನು ಸರಿಸಿ ಬೆಂಚಿನ ಮೇಲೆ ಕೂತರು.

"ಅವತ್ತು ಕ್ಲಾಸಲ್ಲಿ ನಿನಗೆ ಇನ್ನೂ ಒಂದು ವಿಷಯ ಹೇಳಬೇಕಿತ್ತು ಕಣೇ. ಆಗ ನನಗೇ ಗೊತ್ತಿರಲಿಲ್ಲ. ಆಮೇಲೆ ಓದಿದೆ. ಆ ದ್ಯಾನ್, ಈ ದೆನ್, ಎರಡೂ ಒಂದು ಕಾಲದಲ್ಲಿ ಒಂದೇ ಮಾತು."

ಬೋರ್ಡಕ್ಕ ಬ್ರಷ್ ತೊಳೆಯುತ್ತಿದ್ದವಳು ತಿರುಗಿದಳು. "ಒಂದೇನಾ?"

"ಒಂದೇ. ತುಂಬಾ ಹಿಂದೆ. ನಮ್ಮ ಮಾತಲ್ಲಿ ನೋಡು, ಗಿಂತ ಅನ್ನೋದು ಹೆಸರಿಗೇ ಅಂಟಿಕೊಳ್ಳುತ್ತೆ. ಅಣ್ಣನಿಗಿಂತ, ಉಪ್ಪಿಗಿಂತ. ಅವರಿಗೆ ಅಂಥದ್ದು ಇರಲಿಲ್ಲ. ಅದಕ್ಕೆ 'ಅಣ್ಣ ಎತ್ತರ, ಆಮೇಲೆ ತಂಗಿ' ಅಂತ ಹೇಳಿರಬೇಕು ಅಂತಾರೆ ಕೆಲವು ವಿದ್ವಾಂಸರು. ಸಾಲಲ್ಲಿ ನಿಲ್ಲಿಸಿದ ಹಾಗೆ. ಆ 'ಆಮೇಲೆ'ಯೇ ಹೋಲಿಸಿ ಹೋಲಿಸಿ ಬೇರೆ ಮಾತಾಯ್ತು. ಬಹಳ ಕಾಲ ಒಬ್ಬೊಬ್ಬರು ಒಂದೊಂದು ಥರ ಬರೀತಿದ್ರು. ಎ ಹಾಕಿದರೂ ನಡೀತಿತ್ತು, ಇ ಹಾಕಿದರೂ ನಡೀತಿತ್ತು. ಬೇರೆ ಬೇರೆ ಅಂತ ಗಟ್ಟಿಯಾಗಿದ್ದು ಮೊನ್ನೆ ಮೊನ್ನೆ, ಅಂದರೆ ಕೆಲವು ನೂರು ವರ್ಷ."

"ಹಾಗಾದ್ರೆ ಅಪ್ಪ ಬರೆದದ್ದು ಸರಿ!" ಆಕೆಯ ಮುಖ ಅರಳಿತು.

ಮಿಸ್ ತಲೆಯಾಡಿಸಿದರು. "ಅಲ್ಲ. ಆಗ ಬರೆದಿದ್ದರೆ ಸರಿ. ಈಗ ತಪ್ಪೇ. ನಿನ್ನ ಸಮಾಧಾನಕ್ಕೆ ಸುಳ್ಳು ಹೇಳೋಕೆ ಈ ಮಂಡಿ ನೋವಲ್ಲಿ ಇಷ್ಟು ದೂರ ಬರ್ತೀನಾ? ನಗೋರಿಗೆ ಆ ಮಾತಿನ ತಾತ ಮುತ್ತಾತ ಗೊತ್ತಿಲ್ಲ, ಅಷ್ಟು ನಿನಗೆ ತಿಳಿದಿರಲಿ ಅಂತ ಬಂದೆ."

ಬೋರ್ಡಕ್ಕನಿಗೆ ಆ ಹೊತ್ತಿನಲ್ಲಿ ನಿರಾಸೆಯಾಯಿತು ನಿಜ. ಮರುಗಳಿಗೆ ನಗು ಬಂತು. ಸಬೂಬು ಕೈಗೆ ಬಂದ ಹಾಗೆ ಬಂದು ಜಾರಿಹೋಗಿತ್ತು. ಆಕೆ ಮಿಸ್‌ರ ಕೈ ಹಿಡಿದು ಮನೆಯವರೆಗೂ ಬಿಟ್ಟು ಬಂದಳು.

ಕೆಲವೇ ದಿನಗಳಲ್ಲಿ ವರ್ತಕರ ಸಂಘ ಒಂದು ತೀರ್ಮಾನ ಮಾಡಿತು. ಬೀದಿ ಚೆಂದ ಕಾಣಬೇಕು, ಎಲ್ಲ ಅಂಗಡಿಗೂ ಒಂದೇ ಅಳತೆಯ, ಒಂದೇ ಬಣ್ಣದ ಪ್ಲಾಸ್ಟಿಕ್ ಬೋರ್ಡು ಇರಬೇಕು, ಕೈಬರಹದ ಹಳೆಯ ತಗಡುಗಳೆಲ್ಲ ಇಳಿಯಬೇಕು. ಪ್ರಿಂಟು ಮಾಡುವ ಕೆಲಸ ಅಣ್ಣನಿಗೆ ಸಿಕ್ಕಿತು. ಸಂಘದ ಅಧ್ಯಕ್ಷರು ಅದೇ ಔಷಧಿ ಅಂಗಡಿಯವರು.

ಅಣ್ಣ ಹಿಂದಿನ ಕೋಣೆಗೆ ಬಂದು ಅಮ್ಮನ ಪಕ್ಕ ಕೂತ. "ನಮ್ಮ ಮನೇದು ನಾನೇ ಮಾಡಿ ಹಾಕ್ತೀನಿ. ಚೆನ್ನಾಗಿ ಮಾಡ್ತೀನಿ. ಎ ಹಾಕಿ."

"ಬೇಡ" ಅಂದಳು ತಂಗಿ.

"ಜನ ನಗ್ತಾರೆ ಕಣೇ. ಅಪ್ಪನ್ನ ನೋಡಿ ನಗ್ತಾರೆ. ನಿನಗೆ ನೋವಾಗಲ್ವಾ?"

"ಆಗುತ್ತೆ. ನಗೋರ ಬಾಯಿ ಮುಚ್ಚಿಸೋ ಬದಲು ಅಪ್ಪನ ಬೋರ್ಡು ಇಳಿಸ್ತೀಯಾ?"

"ನಾನು ನಿನಗಿಂತ ದೊಡ್ಡವನು. ಒಂದು ಮಾತಾದರೂ ಕೇಳು."

"ದೊಡ್ಡವನು ಅಂತಾನೇ ಇಷ್ಟು ಮೆಲ್ಲಗೆ ಮಾತಾಡ್ತಿದೀನಿ!"

ಅಮ್ಮ ನಡುವೆ ಬಂದಳು. "ಮೂಗಿಗಿಂತ ಮೂಗುತಿ ಭಾರ ಆಯ್ತು. ಒಂದು ತಗಡಿಗೋಸ್ಕರ ಒಡಹುಟ್ಟಿದವರು ಕಚ್ಚಾಡ್ತೀರಲ್ಲ." ಆದರೆ ಯಾರ ಪಕ್ಷ ಅಂತ ಹೇಳಲಿಲ್ಲ. ಅವಳಿಗೂ ಗೊತ್ತಿರಲಿಲ್ಲವೋ ಏನೋ.

ಸಂಘದ ಸಭೆಯಲ್ಲಿ ಬೋರ್ಡಕ್ಕ ಹಿಂದಿನ ಸಾಲಿನಲ್ಲಿ ಕೂತಿದ್ದಳು. ಅಧ್ಯಕ್ಷರು ಮಾತಿನ ಮಧ್ಯೆ, "ಕೆಲವು ಬೋರ್ಡಂತೂ ನಮ್ಮ ಬೀದಿಯ ಮಾನ ಕಳೀತಿವೆ. ಇಂಗ್ಲಿಷ್ ಬರದಿದ್ದರೆ ಬಂದವರನ್ನ ಕೇಳಬೇಕಿತ್ತು" ಅಂದರು. ನಾಲ್ಕಾರು ತಲೆಗಳು ಹಿಂದಕ್ಕೆ ತಿರುಗಿದವು. ಯಾರೋ ಕಿಸಕ್ಕೆಂದರು.

ಆಕೆ ಎದ್ದು ನಿಂತಳು. ಮಿಸ್ ಹೇಳಿದ ಕಥೆ ನಾಲಿಗೆಯ ತುದಿಯಲ್ಲೇ ಇತ್ತು. ಹೇಳಿದ್ದರೆ ಅರ್ಧ ಸಭೆ ಬಾಯಿ ಬಿಟ್ಟು ಕೇಳುತ್ತಿತ್ತು. ಆಕೆ ಹೇಳಲಿಲ್ಲ. ಹಳೆಯ ಕಾಲದ ಸರಿಯನ್ನು ತಂದು ಈಗಿನ ತಪ್ಪಿಗೆ ಹೊದಿಸುವುದು ಆಕೆಗೆ ಬೇಕಿರಲಿಲ್ಲ.

"ತಪ್ಪಿದೆ" ಅಂದಳು. "ನಮಗೂ ಗೊತ್ತು. ನಿಮ್ಮಲ್ಲಿ ಒಬ್ಬರಾದರೂ ಅಪ್ಪನ್ನ ಪಕ್ಕಕ್ಕೆ ಕರೆದು, ಪೇಂಟರೇ ಹೀಗೆ ಅಂತ ಹೇಳಿದ್ರಾ? ಇಲ್ಲ. ನಕ್ಕರಿ. ಕೂಗಿ ಕೂಗಿ ತೋರಿಸಿದಿರಿ. ಈಗ ಬೋರ್ಡು ಇಳಿಸು ಅಂತೀರಿ. ಇಳಿಸಲ್ಲ."

"ಸಂಘದ ತೀರ್ಮಾನಮ್ಮ ಇದು. ಎಲ್ಲರಿಗೂ ಒಂದೇ."

"ಆಗಲಿ ಸ್ವಾಮಿ. ನೀವು ತೀರ್ಮಾನ ಮಾಡಿ. ನಾನು ಇಳಿಸಲ್ಲ."

ಹೇಳಿ ಹೊರನಡೆದಳು.

ಇಳಿಸುವ ದಿನ ಇಬ್ಬರು ಕೆಲಸದವರು ಏಣಿ ತಂದರು. ಬೋರ್ಡಕ್ಕ ಅವರಿಗಿಂತ ಮುಂಚೆಯೇ ಬಾಗಿಲ ಮೇಲಿನ ಸಜ್ಜಾ ಹತ್ತಿ, ಬೋರ್ಡಿಗೆ ಬೆನ್ನು ಕೊಟ್ಟು, ಕಾಲು ಇಳಿಬಿಟ್ಟು ಕೂತಿದ್ದಳು. ಕೆಲಸದವರಿಗೆ ಆಕೆ ಗೊತ್ತಿದ್ದವಳೇ. ಏಣಿಯನ್ನು ಗೋಡೆಗೊರಗಿಸಿ, "ಅಕ್ಕಾ, ನಮ್ಮ ಮೇಲೆ ಕೋಪ ಬೇಡ" ಎಂದು ಕೆಳಗೆ ಕೂತರು. ಬಿಸಿಲು ಏರಿತು. ಅಧ್ಯಕ್ಷರು ಬಂದು ನೋಡಿ ಹೋದರು. ಬೀದಿಯವರು ನಿಂತು ನಿಂತು ಸಾಕಾಗಿ ಅವರವರ ಕೆಲಸಕ್ಕೆ ಹೋದರು. ಹೀಗೆ ಸಂಜೆಯವರೆಗೂ ಕೂರುತ್ತಿದ್ದಳೋ ಏನೋ, ಒಳಗಿನಿಂದ ಅಮ್ಮನ ಕೂಗು ಕೇಳಿತು. ಅಪ್ಪನಿಗೆ ಕೆಮ್ಮು ಹತ್ತಿ ಉಸಿರು ಸಿಕ್ಕಿಕೊಂಡಿತ್ತು. ಆಕೆ ಧಡಧಡ ಇಳಿದು ಓಡಿದಳು. ಅಪ್ಪನನ್ನು ಎತ್ತಿ ಕೂರಿಸಿ, ಬೆನ್ನು ತಟ್ಟಿ, ನೀರು ಕುಡಿಸಿ, ಉಸಿರು ಹದಕ್ಕೆ ಬಂದ ಮೇಲೆ ಹೊರಗೆ ಬಂದರೆ ಬೋರ್ಡು ನೆಲದ ಮೇಲಿತ್ತು. ಕೆಲಸದವರು ತಲೆ ತಗ್ಗಿಸಿ ನಿಂತಿದ್ದರು. ಬೀದಿಯ ಆಚೆ ಬದಿಯಲ್ಲಿ ಅಣ್ಣ ತನ್ನ ಅಂಗಡಿಯ ಶಟರ್ ಅರ್ಧ ಎಳೆದುಕೊಂಡಿದ್ದ.

ಆಕೆ ಅಳಲಿಲ್ಲ, ಕೂಗಾಡಲಿಲ್ಲ. ತಗಡನ್ನು ಎತ್ತಿ ಒಳಗಿಟ್ಟಳು. ಆಮೇಲೆ ತಲೆ ಎತ್ತಿ ನೋಡಿದಳು. ಬೋರ್ಡಿದ್ದ ಜಾಗದಲ್ಲಿ ಬಿಸಿಲೇ ಕಾಣದ ಗೋಡೆ, ಸುತ್ತಲಿನ ಗೋಡೆಗಿಂತ ಬೆಳ್ಳಗೆ, ಆಗಷ್ಟೇ ಸುಣ್ಣ ಬಳಿದ ಹಾಗಿತ್ತು.

ಸಂಘದವರು ನೇತುಹಾಕುವ ಬೋರ್ಡಿನ ಬಗ್ಗೆ ತೀರ್ಮಾನ ಮಾಡಿದ್ದರು. ಗೋಡೆಯ ಬಗ್ಗೆ ಯಾರೂ ತುಟಿ ಬಿಚ್ಚಿರಲಿಲ್ಲ.

ಮರುದಿನ ಬೆಳಗ್ಗೆ ಬೀದಿಯವರು ಶಟರ್ ಎತ್ತುವಾಗ ಬೋರ್ಡಕ್ಕ ಏಣಿಯ ಮೇಲಿದ್ದಳು. ದಾರ ಎಳೆದು ಗೆರೆ ಹೊಡೆದಾಗಿತ್ತು. ಈ ಬಾರಿ ಅಕ್ಷರ ಒಂದೊಂದೂ ಮೊಣಕೈ ಉದ್ದ. ಸುದ್ದಿ ಹರಡಿ ಜನ ಸೇರಿದರು. ಅಮ್ಮ ಅಪ್ಪನ ಕುರ್ಚಿಯನ್ನು ಬೀದಿಯವರೆಗೂ ಎಳೆದು ತಂದು ಕೂರಿಸಿದಳು. ಸ್ವಲ್ಪ ಹೊತ್ತಿಗೆ ಏಣಿಯ ಬುಡ ಗಟ್ಟಿಯಾದಂತೆನಿಸಿ ಆಕೆ ಕೆಳಗೆ ನೋಡಿದರೆ ಅಣ್ಣ ಎರಡೂ ಕೈಯಲ್ಲಿ ಹಿಡಿದು ನಿಂತಿದ್ದ. ಸೀನುತ್ತಿದ್ದ.

"ನಿನ್ನ ಕೆಲಸ ನೋಡ್ಕೋ ಹೋಗು" ಅಂದಳು.

"ನೀನು ಬಿದ್ದರೆ ಆಮೇಲೆ ಅದೂ ನನ್ನ ಕೆಲಸಾನೇ" ಅಂದ. ಕದಲಲಿಲ್ಲ.

ಒಂದೊಂದೇ ಮಾತು ಮುಗಿಯುತ್ತ ಬಂತು. 'ಬೆಟರ್' ಆಯಿತು. ಮುಂದಿನ ಮಾತಿನ ಮೊದಲ ಎರಡು ಅಕ್ಷರವೂ ಆಯಿತು. ಮೂರನೆಯದರ ಜಾಗಕ್ಕೆ ಬಂದಾಗ ಬೀದಿಯೇ ಕತ್ತು ಚಾಚಿತು. ಆಕೆಯ ಮನಸ್ಸು ಗಟ್ಟಿಯಾಗಿತ್ತು: ಬಾಚಣಿಗೆಯೇ. ಮೊಣಕೈ ಉದ್ದದ ಬಾಚಣಿಗೆ, ಬೀದಿಯ ಕೊನೆಗೂ ಕಾಣುವ ಹಾಗೆ. ಆದರೂ ಬ್ರಷ್ ಅದ್ದಿದವಳು ಸುಮ್ಮನೆ ತಿರುಗಿ ಕೇಳಿದಳು. ಬರೆದವನು ಅವನಲ್ಲವೇ?

"ಅಪ್ಪಾ, ಯಾವ ಅಕ್ಷರ ಹಾಕಲಿ?"

ಪೇಂಟರ್ ಗೋಡೆ ನೋಡಿದ. ಆಮೇಲೆ ಎಡಗೈ ಎತ್ತಿ ಗಾಳಿಯಲ್ಲಿ ಬರೆದ. ಒಂದು ಓರೆ ಗೆರೆ, ಇನ್ನೊಂದು ಓರೆ ಗೆರೆ, ನಡುವೆ ಅಡ್ಡ ಒಂದು. ಏಣಿ.

ಆಕೆಗೆ ಮೈಯೆಲ್ಲ ಉರಿಯಿತು. "ಎ ನಾ? ಇಷ್ಟು ವರ್ಷ ತಿದ್ದಲ್ಲ ಅಂದೆಯಲ್ಲ! ನಿನಗೋಸ್ಕರ ಊರನ್ನೆಲ್ಲ ಎದುರು ಹಾಕಿಕೊಂಡೆನಲ್ಲ ಅಪ್ಪಾ!"

ಪೇಂಟರನ ತುಟಿ ಒಂದು ಪಕ್ಕಕ್ಕೆ ಎಳೆಯಿತು. ಮಾತು ತಡವರಿಸಿ ಬಂತು. "ಅವರು... ನಕ್ಕರು. ನೀನು... ಕೇಳಿದೆ."

ಆಕೆ ಗೋಡೆಯ ಕಡೆ ತಿರುಗಿದಳು. ಎರಡು ಕಾಲು ಅಗಲಿಸಿ ನಿಂತ ಎ ಬರೆಯುವಾಗ ಕಣ್ಣು ಮಂಜಾಗಿ, ಆ ಅಡ್ಡಗೆರೆ ಒಂದು ಕೂದಲೆಳೆ ಸೊಟ್ಟಗಾಯಿತು. ಅದನ್ನು ಒರೆಸಲಿಲ್ಲ.

ಗೋಡೆ ಮುಗಿದ ಮೇಲೆ ಅಧ್ಯಕ್ಷರು ಬಂದು ಸೊಂಟದ ಮೇಲೆ ಕೈಯಿಟ್ಟು ನಿಂತರು. "ಇದನ್ನ ಮೊದಲೇ ತಿದ್ದಿದ್ದರೆ ಇಷ್ಟು ರಾದ್ಧಾಂತ ಬೇಕಿತ್ತೇನಮ್ಮಾ?"

"ನೀವು ಮೊದಲೇ ಕೇಳಿದ್ದರೆ ಬೇಕಿರಲಿಲ್ಲ" ಅಂದಳು ಬೋರ್ಡಕ್ಕ, ಬ್ರಷ್ ಒರೆಸುತ್ತ.

ಪೇಂಟರ್ ಆ ಚಳಿಗಾಲ ದಾಟಲಿಲ್ಲ. ಸಂಘದವರು ಗೋಡೆಬರಹಕ್ಕೂ ತಡೆ ತರಲು ನೋಡಿದರು. ಅಷ್ಟರಲ್ಲಿ ಕ್ಷೌರದಂಗಡಿಯವನೂ ಸೈಕಲ್ ರಿಪೇರಿಯವನೂ ಪ್ಲಾಸ್ಟಿಕ್ ಬೋರ್ಡಿನ ಪಕ್ಕದ ಗೋಡೆಗೆ ಆಕೆಯಿಂದ ಬರೆಸಿಕೊಂಡಿದ್ದರು. ಬೋರ್ಡಕ್ಕ ಸಂಘದ ಮುಂದಿನ ಚುನಾವಣೆಯಲ್ಲಿ ಅಧ್ಯಕ್ಷರ ಎದುರಿಗೇ ನಿಂತಳು. ಸೋತಳು. ಅಣ್ಣ ಅವಳ ಪೋಸ್ಟರನ್ನು ತನ್ನ ಮಷೀನಿನಲ್ಲೇ ತೆಗೆದುಕೊಟ್ಟಿದ್ದ, ಅವಳು ಅದರಲ್ಲಿ ಒಂದೂ ಕಾಗುಣಿತ ತಪ್ಪಿಲ್ಲ ಎಂದು ಮಿಸ್‌ರಿಂದ ಓದಿಸಿಯೇ ಅಂಟಿಸಿದ್ದಳು.

"ಸೋತೆಯಲ್ಲಾ, ಇನ್ನೇನು ಮಾಡ್ತೀಯ?" ಅಂತ ಅಮ್ಮ ಕೇಳಿದಳು.

"ಇನ್ನೊಂದು ಸಲ ನಿಲ್ತೀನಿ" ಅಂದು, ಆಕೆ ಏಣಿಯನ್ನು ಹೆಗಲಿಗೇರಿಸಿ ಹೊರಟಳು. ಆ ದಿನ ಹೋಟೆಲಿನವರ ಮಹಡಿ ಗೋಡೆ ಕಾಯುತ್ತಿತ್ತು.